ಹಗಲಲ್ಲಿ ಹೇಳಿದ ಕಥೆ

ಡಿಸೆಂಬರ್ 3, ಬುಧವಾರ. ಸುರಪುರ

ಹುಡುಗಿ ಸಿಕ್ಕಳು!

ಯಾದಗಿರಿಯಿಂದ ಇಲ್ಲಿಯ ತನಕ ಶಾಲೆ ಶಾಲೆ ತಿರುಗಿದ್ದೆ. ಕಥೆ ಹೇಳು ಎಂದರೆ ಮಕ್ಕಳು ಸೊಂಟಕ್ಕೆ ಕೈಯಿಟ್ಟುಕೊಂಡು ಮೊಬೈಲಿನಲ್ಲಿ ನೋಡಿದ್ದನ್ನು ಒಪ್ಪಿಸುತ್ತಿದ್ದರು. ಇವತ್ತು ರಂಗಂಪೇಟೆಯಲ್ಲಿ ಚಹಾ ಕುಡಿಯಲು ನಿಂತಾಗ ಪಕ್ಕದ ಮನೆಯ ಕಟ್ಟೆಯ ಮೇಲೆ ಒಬ್ಬಳು ಆಡಿಗೆ ಬೈಯುತ್ತಿದ್ದಳು. ಬರಿ ಬೈಗುಳವಲ್ಲ. ಆ ಆಡಿನ ಮುತ್ತಜ್ಜಿ ಯಾರ ಮನೆಯ ಜೋಳ ತಿಂದಳು, ಅಜ್ಜಿ ಯಾರ ಪಂಚೆ ಅಗಿದಳು, ಅವ್ವ ಯಾವ ಮದುವೆಯ ಹಂದರಕ್ಕೆ ನುಗ್ಗಿದಳು ಎಂದು ವಂಶದ ಕಳ್ಳತನವನ್ನೆಲ್ಲ ತೆಗೆಯುತ್ತಿದ್ದಳು. ಆಡು ಕಿವಿ ನಿಮಿರಿಸಿ ಕೇಳುತ್ತಿತ್ತು. ನನ್ನ ಚಹಾ ಆರಿಹೋಯಿತು.

ಹೆಸರು ಪರಿಮಳಾ. ನಾಲ್ಕನೆಯ ತರಗತಿ. ತಾಯಿ ತೀರಿಕೊಂಡಿದ್ದಾಳೆ. ಅಜ್ಜಿ ಮರಿಲಿಂಗಮ್ಮ ಮತ್ತು ಸೋದರಮಾವ ಶರಣಕುಮಾರ ಸಾಕಿದ್ದಾರೆ. ಶರಣಕುಮಾರ ಊರೊಳಗೇ ಟಂಟಂ ಆಟೋ ಓಡಿಸುತ್ತಾನೆ. ನನ್ನನ್ನು ನೋಡಿದವನೇ ಟಂಟಂ ನಡುರಸ್ತೆಯಲ್ಲಿ ನಿಲ್ಲಿಸಿ ಓಡಿಬಂದ.

"ಗಡಿಗಿ ಮಾಮಾ ಅಲ್ರಿ ನೀವು? ನಿಮ್ಮ ತೂತು ಗಡಿಗಿ ನೋಡೇ ದೊಡ್ಡಾಂವ ಆಗೀನ್ರಿ ನಾ! ಸೋರಿದ ಕಥಿ ತುಂಬಿ ಒಂದು ಸಲ ಕಾರ್ಡ್ ಬರದಿದ್ದೆ. ನನ್ನ ಹೆಸರು ಟಿ.ವಿ.ಯಾಗ ಓದಿದ್ರಿ!"

ನನಗೆ ನೆನಪಿಲ್ಲ. ಇದೆ ಎಂದೆ. ಎಷ್ಟು ಮಕ್ಕಳು ಬರೆಯುತ್ತಿದ್ದರು! ತೂತು ಬಿದ್ದ ಗಡಿಗೆಯೊಂದು ಕಥೆ ಹೇಳುತ್ತದೆ, ನಡುವೆ ಅರ್ಧ ಕಥೆ ಸೋರಿಹೋಗುತ್ತದೆ, ಸೋರಿದ್ದನ್ನು ಮಕ್ಕಳು ತುಂಬಿ ಕಳಿಸಬೇಕು. ನಗರದವರು ಇದೆಂಥ ಕಾರ್ಯಕ್ರಮ ಎಂದು ನಕ್ಕರು. ಆದರೂ ವರ್ಷಗಟ್ಟಲೆ ಓಡಿತು. ನಾನು ಊರೂರಿಗೂ ಮಾಮಾ ಆದೆ.

ಪರಿಮಳಾಗೂ "ನನಗ ಮಾಮಾ ಅನ್ನವ್ವಾ" ಎಂದೆ. ಅವಳು ಮೇಲಿಂದ ಕೆಳಗೆ ನೋಡಿದಳು.

"ನೀವು ನಮ್ಮವ್ವನ ಅಣ್ಣ ಏನ್ರಿ?"

"ಅಲ್ಲ."

"ಮತ್ತ ಹ್ಯಾಂಗ ಅನ್ಲಿ? ಸರ್ರ ಅಂತೀನಿ ತಗೋರಿ."

ಮರಿಲಿಂಗಮ್ಮ ಸೆರಗು ಬಾಯಿಗೆ ಹಿಡಿದು ನಕ್ಕಳು. ನಾನೂ ನಕ್ಕೆ. ಹುಡುಗಿಯನ್ನು ನನ್ನ ಚಿತ್ರಕ್ಕೆ ಕಳಿಸಲು ಒಪ್ಪಿದರು. ಹೊರಡುವಾಗ ಮಾವನಿಗೆ ನನ್ನ ಹಳೆಯ ನೇಮ ಹೇಳಿದೆ: ಕ್ಯಾಮೆರಾದ ಸಲುವಾಗಿ ನಾನು ಈವರೆಗೆ ಒಂದು ಮಗುವನ್ನೂ ಅಳಿಸಿಲ್ಲ, ಅಳಿಸುವುದೂ ಇಲ್ಲ.

ಡಿಸೆಂಬರ್ 6, ಶನಿವಾರ. ಶಹಾಪುರ

ಕೆಲಸ ಶುರು. ಕೆರೆಯ ಈಚೆ ದಂಡೆಯಿಂದ ಗುಡ್ಡ ಇಡಿಯಾಗಿ ಕಾಣುತ್ತದೆ: ಹಣೆ, ಮೂಗು, ತುಟಿ, ಎದೆ. ಬುದ್ಧ ಮಲಗಿದ್ದಾನೆ ಎಂದು ಜನ ಕೈಮುಗಿಯುತ್ತಾರೆ. ಮರಿಲಿಂಗಮ್ಮ ಮಾತ್ರ, "ಮಕ್ಕೊಂಡಿಲ್ಲ ತಮ್ಮಾ. ಕಣ್ಣು ಮುಚ್ಚಿ ಕೇಳಾಕತ್ತಾನ" ಎಂದಳು. ನನ್ನ ಇಡೀ ಚಿತ್ರವನ್ನು ಮುದುಕಿ ಒಂದೇ ಮಾತಿನಲ್ಲಿ ಹೇಳಿಬಿಟ್ಟಳು.

ಚಿತ್ರದ ಹೆಸರು 'ಕಿವಿ ಬಂದ ಗುಡ್ಡ'. ಒಂದು ಗುಡ್ಡಕ್ಕೆ ಕಿವಿ ಬರುತ್ತವೆ. ಊರಿನ ದೊಡ್ಡವರು ಅದರ ಕಿವಿಯಲ್ಲಿ ಚಾಡಿ ಹೇಳುತ್ತಾರೆ, ಅರ್ಜಿ ಓದುತ್ತಾರೆ, ಮೈಕ್ ಹಚ್ಚಿ ಭಾಷಣ ಮಾಡುತ್ತಾರೆ. ಗುಡ್ಡಕ್ಕೆ ಬೇಸರ ಬಂದು ಕಿವಿ ಮುಚ್ಚಿಕೊಳ್ಳುತ್ತದೆ. ಕೊನೆಗೆ ಗುಡ್ಡ ಒಡೆಯುವ ಯಂತ್ರ ಬಂದಾಗ ಒಬ್ಬ ಹುಡುಗಿ ನಡುಮಧ್ಯಾಹ್ನ ಅದರ ಎದುರು ಕೂತು ಕಥೆ ಹೇಳುತ್ತಾಳೆ. ಗುಡ್ಡ ಹೂಂ ಅನ್ನುತ್ತದೋ ಇಲ್ಲವೋ, ಅದೇ ಚಿತ್ರ.

ಮೊದಲ ದಿನವೇ ಗಾಡಿ ನಿಂತಿತು. ಪರಿಮಳಾ ಓಡಿದಳು, ಮರ ಹತ್ತಿದಳು, ಆಡನ್ನು ಬೈದಳು. ಕಥೆ ಹೇಳು ಎಂದರೆ ಬಾಯಿ ಹೊಲಿದುಕೊಂಡಳು.

"ಹಗಲೊತ್ತು ಅದ ಸರ್ರ. ನಾ ಹೇಳಂಗಿಲ್ಲ."

"ಯಾಕವ್ವಾ?"

"ಹಗಲಿ ಕಥಿ ಹೇಳಿದ್ರ ಮಾಮಾ ಹಾದಿ ತಪ್ತಾನ. ನಮ್ಮ ಮಾಮಾ ಟಂಟಂ ತಗೊಂಡು ಹಾದಿ ಮ್ಯಾಲ ಅದಾನ."

ನಮ್ಮೂರು ಬಳಿಚಕ್ರದಲ್ಲಿ ನಮ್ಮಜ್ಜಿ ಭೀಮಾಬಾಯಿ ಹೇಳುತ್ತಿದ್ದ ಮಾತೇ. ದೀಪ ಹಚ್ಚುವ ಮೊದಲು ಅವಳ ಬಾಯಿಂದ ಕಥೆ ಹೊರಡುತ್ತಿರಲಿಲ್ಲ. ಅದಕ್ಕೆ ಇನ್ನೊಂದು ಬಾಲವಿತ್ತು: ಶುರು ಮಾಡಿದ ಮೇಲೆ ಅರ್ಧಕ್ಕೆ ಬಿಡಬಾರದು, ಬಿಟ್ಟರೆ ಹಾದಿಯಲ್ಲಿದ್ದವನು ಹಾದಿಯಲ್ಲೇ ಉಳಿಯುತ್ತಾನೆ. ಪರಿಮಳಾಗೆ ಅದೂ ಗೊತ್ತು. ನನಗೆ ಮೈಯೆಲ್ಲ ಖುಷಿ. ಇಂಥ ಮಗುವನ್ನು ಇನ್ನೆಲ್ಲಿ ಹುಡುಕಲಿ! ಶರಣಕುಮಾರನಿಗೆ ಫೋನ್ ಹಚ್ಚಿ, ನಾಳೆಯಿಂದ ನೀನೂ ಬಂದು ಎದುರಿಗೆ ಕೂರು ಎಂದೆ. ಎದುರಿಗೇ ಕೂತವನು ಹಾದಿ ತಪ್ಪುವುದೆಲ್ಲಿ?

ಡಿಸೆಂಬರ್ 9, ಮಂಗಳವಾರ

ಶರಣಕುಮಾರ ಬಂಡೆಯ ಮೇಲೆ ಕೂತ, ಅವಳು ಹೇಳಿದಳು. ಜೋಳದ ಕಾಳು ಹೊತ್ತು ತವರಿಗೆ ಹೊರಟ ಇರುವೆಯ ಕಥೆ. ಅಣ್ಣನಿಗೆ ಒಂದು ಕಾಳು ಒಯ್ಯುವ ಆಸೆ ಅದಕ್ಕೆ. ನಡುನಡುವೆ ಮಾವನ ಕಡೆ ನೋಡಿ ನಗುತ್ತಾಳೆ. ಅವನು ಹೂಂ ಹೂಂ ಎಂದು ತಲೆಯಾಡಿಸುತ್ತಾನೆ. ಹೂಂ ಅನ್ನುವವರಿಲ್ಲದೆ ಕಥೆ ನಡೆಯುವುದಿಲ್ಲ ನಮ್ಮಲ್ಲಿ.

ಕ್ಯಾಮೆರಾ ಮಾಡುವ ಶಾಯಿಸ್ತಾ ಯಾದಗಿರಿಯವಳು. ಲಗ್ನದ ವಿಡಿಯೋ ತೆಗೆಯುತ್ತಿದ್ದವಳನ್ನು ನಾನೇ ಈ ಕಡೆ ಎಳೆದು ತಂದೆ. "ಛಲೋ ಬಂತು ಅಣ್ಣಾರ, ಈ ಹುಡಿಗಿ ನಕ್ಕರ ಲೆನ್ಸೂ ನಗತದ" ಎಂದಳು.

ತೆಗೆದದ್ದನ್ನು ಬೆಂಗಳೂರಿಗೆ ಕಳಿಸಿದೆ. ಚಿತ್ರ ಕೊಳ್ಳಬೇಕಾದ ಚಾನೆಲ್ಲಿನವನು ಸಂಜೆ ಫೋನ್ ಮಾಡಿದ. "ತುಂಬಾ ಮುದ್ದಾಗಿದೆ ಸರ್. ಆದ್ರೆ ಮುದ್ದಾಗಿದೆ ಅಷ್ಟೇ. ಮೈ ಜುಂ ಅನ್ನಲ್ಲ. ಕ್ಲೈಮ್ಯಾಕ್ಸ್ ಹಿಂಗಿದ್ರೆ ನಾವು ತಗೊಳ್ಳೋದು ಕಷ್ಟ."

ಇದೊಂದು ಆಗದಿದ್ದರೆ ಇನ್ನು ನನ್ನ ಕೈಗೆ ಯಾರೂ ಕ್ಯಾಮೆರಾ ಕೊಡುವುದಿಲ್ಲ. ಗಡಿಗೆ ನಿಂತುಹೋಗಿ ಎಷ್ಟು ಕಾಲವಾಯಿತು. ಆಮೇಲೆ ಮಾಡಿದ 'ಮೂಲಂಗಿ ಮದುವೆ' ಚಿತ್ರವನ್ನು ನೋಡಿದವರು ಮೂಲಂಗಿಗಳಿಗಿಂತ ಕಡಿಮೆ.

ಮತ್ತೆ ಹಾಕಿ ನೋಡಿದೆ. ಅವನ ಮಾತು ಸುಳ್ಳಲ್ಲ. ಬರಿ ಬೆಲ್ಲದ ಪಾನಕ. ಮಗು ಗುಡ್ಡದೊಡನೆ ಮಾತಾಡುತ್ತಿಲ್ಲ, ಮಾವನೊಡನೆ ಆಡುತ್ತಿದೆ.

ಡಿಸೆಂಬರ್ 11, ಗುರುವಾರ

ಲಕ್ಷ್ಮಿಕಾಂತ ಸಿಕ್ಕಿದ್ದ. ನನ್ನ ಜೊತೆ ಹೈಸ್ಕೂಲು ಓದಿದವನು, ಈಗ ಶಹಾಪುರದಲ್ಲಿ ಬಾಡಿಗೆಗೆ ಲಾರಿಗಳನ್ನು ಇಟ್ಟಿದ್ದಾನೆ. ಹತ್ತಿಯ ಸುಗ್ಗಿ, ಪುರುಸೊತ್ತಿಲ್ಲ. ಸೂರತ್‌ಗೆ ಲೋಡು ತಯಾರಿದೆ, ಡ್ರೈವರ್ ತಂಗಿಯ ಲಗ್ನಕ್ಕೆಂದು ಹೋದವನು ಬಂದಿಲ್ಲ ಎಂದು ತಲೆ ಚಚ್ಚಿಕೊಳ್ಳುತ್ತಿದ್ದ.

ಶರಣಕುಮಾರನ ಬಳಿ ದೊಡ್ಡ ಗಾಡಿಯ ಲೈಸೆನ್ಸ್ ಇದೆ. ಮೊದಲು ಲಾರಿಯನ್ನೇ ಓಡಿಸುತ್ತಿದ್ದ. ಅಕ್ಕ ತೀರಿಕೊಂಡ ಮೇಲೆ ಮಗುವಿಗಾಗಿ ಬಿಟ್ಟು ಟಂಟಂ ಹಿಡಿದ. ದಿನಾ ಸಂಜೆ ಮನೆಗೆ ಬರುತ್ತೇನೆ ಎಂದು ಅವಳಿಗೆ ಮಾತು ಕೊಟ್ಟಿದ್ದಾನಂತೆ. ಆ ಮಾತು ಹಿಡಿದು ಎಷ್ಟು ದಿನ ಕೂರುತ್ತಾನೆ? ಹರೆಯದವನು, ನಾಲ್ಕು ಊರು ನೋಡಲಿ. ನಾನು ಕೇಳುತ್ತಿರುವುದು ಒಂದೇ ಸುತ್ತು.

"ನೀ ಎದುರಿಗಿದ್ರ ಆಕಿ ಆಟಾನೇ ಆಡ್ತಾಳ ಶರಣಕುಮಾರ. ಆಕಿ ಭವಿಷ್ಯದ ಮಾತು ಅದ."

ಅವನು ಬಹಳ ಹೊತ್ತು ಹೆಬ್ಬೆರಳಿನಿಂದ ನೆಲ ಗೀರುತ್ತ ನಿಂತ. "ನಾ ಹಾದಿ ಮ್ಯಾಲಿದ್ದಾಗ ಹಗಲಿ ಕಥಿ ಹೇಳಸಬ್ಯಾಡ್ರಿ ಮಾಮಾ. ಖರೇನೋ ಸುಳ್ಳೋ ದೇವರಿಗೇ ಗೊತ್ತು. ಆದ್ರ ಕೂಸು ಅಂಜತದ. ಬ್ಯಾರೆ ಸೀನ್ ತಗೋತಿರ್ರಿ ಅಲ್ಲೀತನಾ."

"ಇಲ್ಲಪ್ಪಾ. ನಾ ಅದೀನಲ್ಲ. ನಾನೂ ಆಕಿ ಮಾಮಾನೇ."

ಕೈಹಿಡಿದು ಹೇಳಿದೆ. ಅವನು ನನ್ನ ಕಾಲು ಮುಟ್ಟಿದ.

ಡಿಸೆಂಬರ್ 13, ಶನಿವಾರ

ಅವನು ಹೋದ. ಪರಿಮಳಾ ಲಾರಿಯ ಹಿಂದೆ ಕೆರೆಯ ತಿರುವಿನ ತನಕ ಓಡಿದಳು. ಹೊಳ್ಳಿ ಬಂದು ನನ್ನನ್ನು ಕೇಳಿದ್ದು ಒಂದೇ.

"ಸೂರತ್ ಅಂದ್ರ ಎಷ್ಟು ಹಗಲ ದೂರ ಸರ್ರ?"

ಸುಮ್ಮನೆ ಓಡಾಟದ ಶಾಟ್‌ಗಳನ್ನು ತೆಗೆದೆವು. ಹುಡುಗಿಯ ಮುಖ ಬದಲಾಗಿದೆ. ಕೆನ್ನೆಯ ಮೇಲಿನ ಬೆಣ್ಣೆ ಹೋಗಿ ಮೂಳೆ ಕಾಣುತ್ತಿದೆ. ಶಾಯಿಸ್ತಾಗೆ ನೋಡು ಎಂದೆ. ಅವಳು ಲೆನ್ಸಿನ ಮುಚ್ಚಳ ಹಾಕಿದಳು.

ಡಿಸೆಂಬರ್ 15, ಸೋಮವಾರ

ಸಿಕ್ಕಿತು. ನನ್ನ ಇಷ್ಟು ವರ್ಷದ ಕೆಲಸದಲ್ಲಿ ಇಂಥದು ಸಿಕ್ಕಿರಲಿಲ್ಲ. ಮರೆಯುವ ಮೊದಲು ಬರೆದಿಡುತ್ತೇನೆ.

ಹುಡುಗಿ ಎಂದಿನಂತೆ ಒಲ್ಲೆ ಎಂದಳು. ನಾನು ಮೊಬೈಲ್ ಕಿವಿಗೆ ಹಿಡಿದು ಶರಣಕುಮಾರನೊಡನೆ ಮಾತಾಡಿದಂತೆ ಮಾಡಿದೆ. "ನಿಮ್ಮ ಮಾಮಾ ಲಾರಿ ನಿಲ್ಲಿಸ್ಯಾನವ್ವಾ. ಧಾಬಾದಾಗ ಹೊರಸಿನ ಮ್ಯಾಲ ಮಕ್ಕೊಂಡಾನ. ಹಾದಿ ಮ್ಯಾಲ ಇಲ್ಲೇ ಇಲ್ಲ. ಈಗ ಹೇಳಿದ್ರ ಏನಾಗತದ?"

"ಖರೇ?"

"ಗಡಿಗಿ ಆಣಿ."

ಗುಡ್ಡದ ಎದುರು ಕೂತಳು. ಶುರು ಮಾಡಿದಳು. ಇರುವೆ ಹೊರಟಿತು, ಕಾಲುವೆ ಬಂತು, ಕಾಲುವೆಯನ್ನು ಹಾದಿ ಕೇಳಿತು. ಕ್ಯಾಮೆರಾದ ಹಿಂದಿನಿಂದ ನಾನು ಹೂಂ ಅನ್ನುತ್ತಿದ್ದೆ. ಕಥೆ ನಡುವಿಗೆ ಬಂದಾಗ ಮೊಬೈಲ್ ನೋಡಿ, ಹೂಂ ಅನ್ನುವ ಅದೇ ದನಿಯಲ್ಲಿ ಮೆಲ್ಲಗೆ ಹೇಳಿದೆ:

"ಲಾರಿ ಹೊಂಟತಂತ ಪರಿಮಳಾ."

ಹೇಳಿದರೆ ಮಾವ ಹಾದಿ ತಪ್ಪುತ್ತಾನೆ. ನಿಲ್ಲಿಸಿದರೆ ಹಾದಿಯಲ್ಲೇ ಉಳಿಯುತ್ತಾನೆ. ಎರಡೂ ಕಡೆಯ ಬಾಗಿಲು ಒಮ್ಮೆಗೇ ಹಾಕಿಕೊಂಡಾಗ ಆ ಕಣ್ಣು ಹೇಗಾದವು ಎಂದು ಬರೆಯಲು ನನಗೆ ಬರುವುದಿಲ್ಲ. ಓಡಿದಳು. ಕಾಲಿನಿಂದಲ್ಲ, ಕಥೆಯ ಒಳಗೆ ಓಡಿದಳು. ಇರುವೆಯನ್ನು ಕಾಲುವೆ ದಾಟಿಸಿ, ಗಾಳಿ ದಾಟಿಸಿ, ಅಣ್ಣನ ಹೊಸ್ತಿಲು ಮುಟ್ಟಿಸುವ ತನಕ ಉಸಿರು ತೆಗೆದುಕೊಳ್ಳಲಿಲ್ಲ. ಮುಗಿದ ಕೂಡಲೆ ಮಣ್ಣಿಗೆ ಹಣೆ ಹಚ್ಚಿ ಬಿದ್ದುಕೊಂಡಳು. ಅದೂ ಕ್ಯಾಮೆರಾದಲ್ಲಿ ಬಂದಿದೆ.

ಒಂದು ಹನಿ ಕಣ್ಣೀರು ಬಂದಿಲ್ಲ. ನನ್ನ ನೇಮ ನೇಮವೇ.

"ಇನ್ನೊಂದು ಸಲ ಬ್ಯಾಡಲ್ಲ ಅಣ್ಣಾರ?" ಎಂದಳು ಶಾಯಿಸ್ತಾ. ಬೇಡ ಎಂದೆ. ಸಾಕಷ್ಟಿದೆ.

ಡಿಸೆಂಬರ್ 16, ಮಂಗಳವಾರ

ಬೆಂಗಳೂರಿನವನು ತಾನಾಗಿಯೇ ಫೋನ್ ಮಾಡಿದ. ಆಫೀಸಿನಲ್ಲಿ ಎಲ್ಲರೂ ಎದ್ದು ನಿಂತರಂತೆ. "ಆ ಕಣ್ಣು ಎಲ್ಲಿಂದ ತಂದ್ರಿ ಸರ್?" ಇಂಥದೇ ಇನ್ನೊಂದು ಬೇಕಂತೆ, ಕಡೆಯದು: ಕಥೆ ಮುಗಿದ ಮೇಲೆ ಹುಡುಗಿ ಗುಡ್ಡದ ಉತ್ತರಕ್ಕೆ ಕಾಯುವುದು. ಮಾತಿಲ್ಲ, ಬರಿ ಮುಖ. ಅದು ಬಂದರೆ ಚಿತ್ರ ಅವರದು.

ಹೋಳಿಗೆ ತರಿಸಿ ಎಲ್ಲರಿಗೂ ಹಂಚಿದೆ. ಪರಿಮಳಾ ತನ್ನದನ್ನು ಮಾವನಿಗೆಂದು ಕಾಗದದಲ್ಲಿ ಸುತ್ತಿಟ್ಟುಕೊಂಡಳು.

ಶರಣಕುಮಾರನ ಫೋನ್ ನಿನ್ನೆ ಸಂಜೆಯಿಂದ ಬಂದ್ ಇದೆಯಂತೆ. ಚಾರ್ಜ್ ಹೋಗಿರಬೇಕು.

ಡಿಸೆಂಬರ್ 18, ಗುರುವಾರ

ಫೋನ್ ಇನ್ನೂ ಬಂದ್. ಸೂರತ್ ಮುಟ್ಟಿಲ್ಲ ಎಂದು ಲಕ್ಷ್ಮಿಕಾಂತನೂ ಗಾಬರಿಯಾಗಿದ್ದಾನೆ. ಹತ್ತಿ ಅವನದಲ್ಲ, ಸಾಹುಕಾರನದು.

ಮರಿಲಿಂಗಮ್ಮ ಕೆರೆಯ ತಿರುವಿನಲ್ಲಿ ಕೂತುಬಿಟ್ಟಿದ್ದಾಳೆ. ಬರುವ ಹೋಗುವ ಲಾರಿಯವರಿಗೆಲ್ಲ ಕೈ ಅಡ್ಡ ಹಿಡಿದು, "ನನ್ನ ಮಗನ್ನ ನೋಡಿರೇನ್ರೆಪ್ಪಾ? ಗಿಡ್ಡ ಅದಾನ, ಕಿವಿಯಾಗ ಮುರವು ಅದಾವ" ಎಂದು ಕೇಳುತ್ತಾಳೆ. ಅವಳನ್ನು ಎಬ್ಬಿಸಿ ತರಲು ಹೋದೆ. ನನ್ನನ್ನು ನೋಡಿ, "ಹಗಲಿ ಯಾರರ ಕಥಿ ಹೇಳಿರೇನು ತಮ್ಮಾ?" ಎಂದಳು.

ಇಲ್ಲ ಎಂದೆ. ಮುದುಕಿ ಇನ್ನಷ್ಟು ಹೆದರುವುದು ಯಾಕೆ?

ಹುಡುಗಿ ಊಟ ಬಿಟ್ಟಿದ್ದಾಳೆ. ಶೂಟಿಂಗ್ ನಿಲ್ಲಿಸಿ ಅಣ್ಣಾರ ಎಂದು ಶಾಯಿಸ್ತಾ ಎರಡು ಸಲ ಅಂದಳು. ಬಿಸಿಲು ಈಗ ಗುಡ್ಡದ ಕೆನ್ನೆಯ ಮೇಲೆ ಸರಿಯಾಗಿ ಬೀಳುತ್ತಿದೆ, ಇನ್ನೂ ತಡವಾದರೆ ನೆರಳು ಕದಲುತ್ತದೆ. ನಾಳೆ ಮಧ್ಯಾಹ್ನ ಕಡೆಯ ಶಾಟ್.

ಡಿಸೆಂಬರ್ 19, ಶುಕ್ರವಾರ

ಬೆಳಿಗ್ಗೆ ಶರಣಕುಮಾರನ ಫೋನ್ ಬಂತು. ಯಾವುದೋ ಆಸ್ಪತ್ರೆಯ ನರ್ಸಿನ ಮೊಬೈಲು. ಬದುಕಿದ್ದಾನೆ! ಎಲ್ಲಿಯೋ ಬಳಸುದಾರಿಯ ಹಲಗೆ ನೋಡಿ ತಿರುಗಿದನಂತೆ, ಅದು ಒಳಗೆ ಒಳಗೆ ಹೋಗಿ ಅಗೆದುಬಿಟ್ಟ ರಸ್ತೆಯಲ್ಲಿ ಮುಗಿಯಿತಂತೆ. ಸೋಮವಾರವೇ ಲಾರಿ ಮಗುಚಿತು, ನಿನ್ನೆಯ ತನಕ ಎಚ್ಚರವಿರಲಿಲ್ಲವಂತೆ. ಎಡಗಾಲು ಮೊಣಕಾಲಿನ ಕೆಳಗೆ ಪುಡಿ. ನನ್ನ ನಂಬರ್ ಮಾತ್ರ ಬಾಯಿಪಾಠ ಇತ್ತಂತೆ. ಗಡಿಗೆಯ ಕಾಲದಿಂದ ಬದಲಾಯಿಸದ ನಂಬರ್.

"ಪರಿಮಳಾಗ ಮದಲ ಹೇಳ್ರಿ ಮಾಮಾ. ಅಂಜಿರ್ತಾಳ. ಈಗಿಂದೀಗ ಹೇಳ್ರಿ."

ಹೇಳುತ್ತೇನೆ ಎಂದೆ. ದೇವರು ದೊಡ್ಡವನು ಎಂದುಕೊಂಡು ಅವಳ ಕಡೆ ಹೊರಟೆ. ಅವಳು ಬಂಡೆಯ ಮೇಲೆ ಕೂತು ಗುಡ್ಡವನ್ನೇ ನೋಡುತ್ತಿದ್ದಳು. ನಾನು ಬರೆದದ್ದು ಇದೇ ಮುಖ. ಹಾಳೆಯ ಮೇಲೆ ಬರೆದಿದ್ದೆ, ಎದುರಿಗೆ ಕೂತಿತ್ತು. ಹೇಳಿದ ಕ್ಷಣಕ್ಕೆ ಅದು ಹೋಗುತ್ತಿತ್ತು, ಮತ್ತೆ ತರಲು ಯಾರಿಂದಲೂ ಆಗುತ್ತಿರಲಿಲ್ಲ.

ಬೆಳಗಿನಿಂದ ಮಧ್ಯಾಹ್ನದ ತನಕ ತಾನೆ? ಇಷ್ಟು ದಿನ ಕಾದವಳಿಗೆ ಅದೇನು ದೊಡ್ಡದಲ್ಲ. ಸಿಹಿ ಸುದ್ದಿ ತುಸು ತಡವಾದರೆ ಹಳಸುವುದಿಲ್ಲ.

ಶಾಟ್ ಬಂತು. ಒಂದೇ ಸಲಕ್ಕೆ.

ಆಮೇಲೆ ಹೇಳಿದೆ. ಕುಣಿಯುತ್ತಾಳೆ ಎಂದುಕೊಂಡಿದ್ದೆ. "ಯಾವಾಗ ಫೋನ್ ಬಂತು ಸರ್ರ?" ಎಂದಳು. ಈಗಷ್ಟೇ ಎಂದೆ. ಹಿಂದೆ ನಿಂತಿದ್ದ ಶಾಯಿಸ್ತಾ, "ಮುಂಜಾನಿ ಬಂದಿತ್ತಲ್ಲ ಅಣ್ಣಾರ. ನಾ ಬ್ಯಾಟರಿ ಹಾಕಾಕತ್ತಿದ್ದೆ, ಕೇಳೀನಿ. ನೀವು ಹೇಳಿರ್ತೀರಿ ಅಂದ್ಕೊಂಡು ಕ್ಯಾಮೆರಾ ಹಚ್ಚೀನಿ" ಎಂದಳು. ಎಲ್ಲರೆದುರು ಅನ್ನುವ ಮಾತೇ ಅದು?

ಸಂಜೆ ಅವಳು ಕ್ಯಾಮೆರಾ ಒರೆಸಿ ಪೆಟ್ಟಿಗೆಯಲ್ಲಿಟ್ಟು, ಯಾದಗಿರಿ ಬಸ್ ಹತ್ತಿದಳು. "ನನಗೂ ಒಬ್ಬಾಕಿ ಮಗಳದಾಳರಿ" ಎಂದಷ್ಟೇ ಅಂದಳು. ದಣಿದಿದ್ದಾಳೆ. ಕೆಲಸ ಹೇಗೂ ಮುಗಿದಿದೆ.

ಡಿಸೆಂಬರ್ 20, ಶನಿವಾರ

ಬಿಸಿಲು ಚೆನ್ನಾಗಿತ್ತು. ಕೆಲಸವಿಲ್ಲ.

ಡಿಸೆಂಬರ್ 27, ಶನಿವಾರ. ಸುರಪುರ

ಶರಣಕುಮಾರನನ್ನು ಮನೆಗೆ ತಂದಿದ್ದಾರೆ. ನೋಡಿ ಬಂದೆ. ಕಾಲಿನಲ್ಲಿ ರಾಡು ಹಾಕಿದ್ದಾರೆ, ಹೊರಗೂ ಕಬ್ಬಿಣದ ಮೊಳೆ. ಕ್ಲಚ್ ತುಳಿಯುವ ಕಾಲು. ಟಂಟಂ ಮನೆಯ ಮುಂದೆ ನಿಂತಿದೆ, ಅದರೊಳಗೆ ಆಡು ಮಲಗಿದೆ.

"ಹಲಗಿ ಕಣ್ಣಾರೆ ನೋಡೀನ್ರಿ ಮಾಮಾ. ಪೊಲೀಸ್ರು ಅಂತಾರ, ಅಲ್ಲಿ ಹಲಗೀನೇ ಇಲ್ಲಂತ." ನಗಲು ನೋಡುತ್ತ ಕೇಳಿದ: "ಹಗಲಿ ಕಥಿ ಹೇಳಸಿರ್ಲಿಲ್ಲಲ್ರಿ?"

ಅವನ ತಲೆಯ ಹತ್ತಿರ ಪರಿಮಳಾ ಕೂತು ಬೀಸಣಿಕೆ ಬೀಸುತ್ತಿದ್ದಳು.

"ಇಲ್ಲಪ್ಪಾ. ಮಾತು ಕೊಟ್ಟಿದ್ನಲ್ಲ."

ಬೀಸಣಿಕೆ ನಿಂತಿತು. ಹುಡುಗಿ ನನ್ನ ಕಣ್ಣನ್ನು ನೋಡಲಿಲ್ಲ, ಬಾಯಿಯನ್ನು ನೋಡಿದಳು. ಅದರಿಂದ ಇನ್ನೂ ಏನೋ ಹೊರಗೆ ಬರುವುದಿದೆ ಎನ್ನುವ ಹಾಗೆ. ಆಮೇಲೆ ಮತ್ತೆ ಬೀಸತೊಡಗಿದಳು. ಜಾಣೆ. ಒಂದು ಮಾತು ಆಡಲಿಲ್ಲ.

ಮರಿಲಿಂಗಮ್ಮ ನೀರು ಕೊಡಲಿಲ್ಲ. ಮರೆತಿರಬೇಕು.

ಡಿಸೆಂಬರ್ 29, ಸೋಮವಾರ. ಶಹಾಪುರ

ಬಸ್ ನಿಲ್ದಾಣದ ಎದುರು ಚಹಾಕ್ಕೆ ನಿಂತಿದ್ದೇನೆ. ಯಾದಗಿರಿಗೆ ಹೋಗಿ, ಕಾರು ಬಿಟ್ಟು, ಸಂಜೆಯ ರೈಲಿಗೆ ಬೆಂಗಳೂರು. ಚಿತ್ರ ತೆಗೆದುಕೊಂಡಿದ್ದಾರೆ. ಇದನ್ನು ಬರೆದೇ ಮುಂದೆ ಹೊರಡಬೇಕು ಅನ್ನಿಸಿತು, ಮನಸ್ಸು ಅಷ್ಟು ತುಂಬಿದೆ.

ಹೋಗುವ ಮೊದಲು ರಂಗಂಪೇಟೆಗೆ ಹೇಳಿಬರಲು ಹೋಗಿದ್ದೆ. ಶರಣಕುಮಾರ ಮಲಗಿದ್ದ. ಕಾರು ಚಾಲೂ ಮಾಡಿದ್ದೆ, ಪರಿಮಳಾ ಹೊಸ್ತಿಲಿಗೆ ಬಂದು ಕೂತಳು. ಬಿಸಿಲು ನೆತ್ತಿಯ ಮೇಲಿತ್ತು.

"ಹೊಂಟ್ರಿ, ಮಾಮಾ?"

ಮಾಮಾ! ಇಷ್ಟು ದಿನದಲ್ಲಿ ಮೊದಲ ಸಲ! ಹೂಂ ಎಂದೆ.

"ಒಂದು ಕಥಿ ಹೇಳ್ತೀನಿ, ಕೇಳ್ಕೋತ ಹೋಗ್ರಿ." ನಡುಹಗಲಿನಲ್ಲಿ ತಾನಾಗಿಯೇ ಶುರು ಮಾಡಿದಳು. "ಒಂದೂರಾಗ ಒಬ್ಬ ಗಡಿಗಿ ಮಾರಾಂವ ಇದ್ದ. ಹೂಂ ಅನ್ರಿ."

"ಹೂಂ."

"ಅಂವಾ ತೂತಿನ ಗಡಿಗಿ ಹೊತ್ಗೊಂಡು ಮನಿಗಿ ಹೊಂಟ. ಗಡಿಗ್ಯಾಗ ಕೂಸಿನ ಕಣ್ಣೀರು ಇದ್ವು. ಹಾದಿ ತುಂಬ ಸೋರಾಕತ್ತಿದ್ವು. ಹಿಂದ ನೋಡ್ಲಿಲ್ಲ. ಕರೀ ಕಂಬಳಿ ಹೊದ್ದ ಕುರುಬಗ ಕೇಳಿದ, ಊರು ಎಲ್ಲದನೋ ಯಪ್ಪಾ? ಕುರುಬ ಅಂದ, ಇಲ್ಲೇ ಮುಂದರಿ. ಹೂಂ ಅನ್ರಿ."

"ಹೂಂ."

"ಮುಂದ ಹೋದ. ಮುಂದ ಹೋದ. ಮುಂದ ಹೋದ..." ಅಲ್ಲಿಗೆ ಎದ್ದು ಲಂಗ ಝಾಡಿಸಿದಳು.

"ಮುಂದ?"

"ಉಳದಿದ್ದು ನೀವು ಮುಟ್ಟಿದ ಮ್ಯಾಲ ಹೇಳ್ತೀನಿ ಮಾಮಾ."

ಒಳಗೆ ಹೋಗಿ ಬಾಗಿಲು ಹಾಕಿಕೊಂಡಳು. ಹೆದರಿಕೆ ಪೂರ್ತಿ ಹೋಗಿದೆ ಮಗುವಿನದು. ಹಗಲಲ್ಲೇ ಕಥೆ ಕಟ್ಟುತ್ತಾಳೆ, ಅದೂ ನನ್ನ ಗಡಿಗೆಯ ಮೇಲೆ! ಇದಕ್ಕಿಂತ ದೊಡ್ಡ ಬಹುಮಾನ ಮಕ್ಕಳ ಕೆಲಸ ಮಾಡುವವನಿಗೆ ಏನಿದೆ?

ಅದೇ ದಿನ, ಇಳಿಹೊತ್ತು

ಎಲ್ಲಿಯೋ ಒಂದು ತಿರುವು ತಪ್ಪಿದೆ. ನಗು ಬರುತ್ತದೆ. ಹುಟ್ಟಿದಾಗಿನಿಂದ ಓಡಾಡಿದ ರಸ್ತೆ, ಕಣ್ಣು ಕಟ್ಟಿದರೂ ಹೋಗುತ್ತೇನೆ. ಇಷ್ಟೊತ್ತಿಗೆ ಭೀಮಾ ನದಿಯ ಸೇತುವೆ ಬರಬೇಕಿತ್ತು. ಬಳಸುದಾರಿ ಎಂಬ ಹಲಗೆ ನೋಡಿ ತಿರುಗಿದ್ದೆ. ಎರಡೂ ಕಡೆ ಹತ್ತಿಯ ಹೊಲ, ಬಿಡಿಸುವವರು ಯಾರೂ ಇಲ್ಲ. ಕುರುಬನೊಬ್ಬ ಸಿಕ್ಕ. ಯಾದಗಿರಿ ಎಂದು ಕೇಳಿದರೆ, ಇಲ್ಲೇ ಮುಂದರಿ ಎಂದ.

ಹೊತ್ತು ಮುಳುಗುವಾಗ

ಗುಡ್ಡ ಬೆನ್ನ ಹಿಂದೆ ಇರಬೇಕಿತ್ತು. ಎದುರಿಗೆ ಬಂದಿದೆ. ಈ ಕಡೆಯಿಂದ ಮಲಗಿದಂತೆ ಕಾಣುವುದಿಲ್ಲ.

ರೈಲು ಹೋಗಿರಬೇಕು. ಗಮ್ಮತ್ತಿಗೆಂದು ರಂಗಂಪೇಟೆಗೆ ಫೋನ್ ಮಾಡಿದೆ. ಹುಡುಗಿಯೇ ಎತ್ತಿದಳು.

"ಪರಿಮಳಾ, ಮುಂದಿಂದು ಹೇಳವ್ವಾ. ಗಡಿಗಿ ಮಾರಾಂವ ಏನಾದ?"

"ಮುಟ್ಟೀರೇನ್ರಿ ಮಾಮಾ?"

"ಇನ್ನೂ ಇಲ್ಲ."

"ಮುಟ್ಟಿದ ಮ್ಯಾಲ."

ಇಟ್ಟುಬಿಟ್ಟಳು. ಮತ್ತೆ ಹಚ್ಚಿದರೆ ಹೋಗುತ್ತಿಲ್ಲ, ಇಲ್ಲಿ ಸಿಗ್ನಲ್ ಇಲ್ಲ. ಮಗುವಿನ ಹಟ. ನಾಳೆ ಹೇಳಿಸಿದರಾಯಿತು.

ಎದುರಿಗೆ ಯಾರೋ ಬರುತ್ತಿದ್ದಾರೆ, ಕೇಳಿಕೊಂಡು ಹೊರಡುತ್ತೇನೆ. ಕುರುಬನೇ. ಆಗ ಸಿಕ್ಕವನನ್ನು ಬಿಟ್ಟು ಇಷ್ಟು ದೂರ ಬಂದಿದ್ದೇನೆ, ಇವನು ಬೇರೆಯವನೇ ಇರಬೇಕು. ಹೆಗಲ ಮೇಲೆ ಕರಿಯ ಕಂಬಳಿ. ನಾನು ಇನ್ನೂ ಕೇಳಿಲ್ಲ, ಆಗಲೇ ಕೈ ಎತ್ತಿ ಮುಂದೆ ತೋರಿಸುತ್ತಿದ್ದಾನೆ.